ಪೊಳ್ಳಿಲೂರಿನ ಗೋಡೆ

ಶ್ರೀರಂಗಪಟ್ಟಣದ ಕೋಟೆಯ ಹೊರಗೆ ದರಿಯಾ ದೌಲತ್ ಬಾಗ್ ಇದೆ. ಟಿಪ್ಪು ಸುಲ್ತಾನ್ 1784ರಲ್ಲಿ ಕಟ್ಟಿಸಿದ ಈ ತೇಗದ ಬೇಸಿಗೆ ಅರಮನೆ ಈಗ ವಸ್ತುಸಂಗ್ರಹಾಲಯ. ನಾಣ್ಯ, ಆಯುಧ, ಅಚ್ಚಿನ ಚಿತ್ರಗಳು ಒಳಗಿವೆ; ನಿಜವಾದ ನಿಧಿ ಮಾತ್ರ ಪಶ್ಚಿಮದ ಗೋಡೆಯೇ.

ಅದರ ಮೇಲೆ 1780ರ ಸೆಪ್ಟೆಂಬರ್ 10ರ ಪೊಳ್ಳಿಲೂರು ಕದನವಿದೆ. ಚೌಕಾಕಾರವಾಗಿ ನಿಂತ ಬ್ರಿಟಿಷ್ ಈಸ್ಟ್ ಇಂಡಿಯಾ ಕಂಪನಿಯ ಸೈನಿಕರು, ನಡುವೆ ಗಾಯಗೊಂಡು ಪಲ್ಲಕ್ಕಿಯಲ್ಲಿ ಕೂತ ಅವರ ನಾಯಕ ಕರ್ನಲ್ ಬೈಲಿ, ಸಿಡಿಯುತ್ತಿರುವ ಮದ್ದಿನ ಬಂಡಿ, ಸುತ್ತಲೂ ಮುನ್ನುಗ್ಗುವ ಮೈಸೂರಿನ ಕುದುರೆಗಳು. ದೂರ-ಹತ್ತಿರಗಳ ಲೆಕ್ಕ ಕಲಾವಿದನಿಗೆ ಬೇಕಿಲ್ಲ. ಸಾಲುಸಾಲು ಕುದುರೆಗಳನ್ನು ಒತ್ತೊತ್ತಾಗಿ ಪೇರಿಸಿಯೇ ಸೇನೆಯ ಭಾರವನ್ನು ಅವನು ತೋರಿಸುತ್ತಾನೆ. ಗೆದ್ದವರ ಮುಖದಲ್ಲಿ ಉದ್ವೇಗವೇ ಇಲ್ಲ. ಇದು ವರದಿಯಲ್ಲ, ಗೆದ್ದವನ ಹೆಮ್ಮೆ. 1799ರಲ್ಲಿ ಟಿಪ್ಪು ಮಡಿದ ನಂತರ ಇಲ್ಲೇ ವಾಸವಿದ್ದ ಬ್ರಿಟಿಷ್ ಸೇನಾಧಿಕಾರಿ ಆರ್ಥರ್ ವೆಲ್ಲೆಸ್ಲಿ ತನ್ನವರ ಸೋಲಿನ ಈ ಚಿತ್ರವನ್ನು ರಿಪೇರಿ ಮಾಡಿಸಿದ್ದು ಸೋಜಿಗವೇ. ಗವರ್ನರ್ ಜನರಲ್ ಡಾಲ್‌ಹೌಸಿಯ ಕಾಲದಲ್ಲಿ ಮತ್ತೊಮ್ಮೆ ಬಣ್ಣ ಬಿತ್ತು.

ಯುದ್ಧದ ನೆನಪನ್ನು ಕಾಪಾಡುವ ಜಾಗ ಇದೊಂದೇ ಅಲ್ಲ: ಟಿಪ್ಪು 1786ರಲ್ಲಿ ರಾಯಭಾರಿಗಳನ್ನು ಕಳಿಸಿದ್ದ ಇಸ್ತಾಂಬುಲಿನಲ್ಲೂ ದೊಡ್ಡ ಸೇನಾ ಸಂಗ್ರಹಾಲಯವಿದೆ. ಕವಚ, ಡೇರೆ, ಫಿರಂಗಿಗಳ ಜೊತೆ ಅಲ್ಲಿ ಮೆಹ್ತರ್ ರಣವಾದ್ಯವೂ ಮೊಳಗುತ್ತದೆ. ದರಿಯಾ ದೌಲತ್‌ನಲ್ಲಿ ಸಂಗ್ರಹ ಸಣ್ಣದು, ಆದರೆ ಯುದ್ಧವನ್ನು ಮೈಸೂರಿನ ಕಣ್ಣಿನಿಂದ ನೋಡಲು ಇಂಥ ಗೋಡೆ ಇನ್ನೊಂದಿಲ್ಲ.