ಎಪೊನೀನ್: ಕಡ ತಂದ ಹೆಸರು

ಬ್ಯಾಂಕಿನಲ್ಲಿ ಮೂವತ್ತಾರು ವರ್ಷ ಏನು ಮಾಡಿದಿರಿ ಎಂದು ಯಾರಾದರೂ ಕೇಳಿದರೆ, ಹೆಸರು ಬರೆದೆ ಅನ್ನಬೇಕು. ಖಾತೆ ತೆರೆಯುವ ಫಾರಂ, ಲೆಡ್ಜರು, ಪಾಸ್‌ಬುಕ್ಕು, ಎಲ್ಲದರಲ್ಲೂ ಮೊದಲು ಹೆಸರು, ಆಮೇಲೆ ದುಡ್ಡು. ಮುಂಬಯಿಗೆ ವರ್ಗವಾಗಿ ಹೋದ ಮೇಲೆ ಹೆಸರಿನ ವಿಷಯದಲ್ಲಿ ನನ್ನ ಕಣ್ಣು ಇನ್ನಷ್ಟು ಚುರುಕಾಯಿತು. ಅಲ್ಲಿ ತನ್ನ ಹೆಸರು, ತಂದೆಯ ಹೆಸರು, ಅಡ್ಡಹೆಸರು ಎಂದು ಮೂರು ಮನೆ ತುಂಬಬೇಕು. ನಮ್ಮ ಹಳೇ ಮೈಸೂರು ಕಡೆಯವರಿಗೆ ಅಡ್ಡಹೆಸರೆಲ್ಲಿ ಬರಬೇಕು? ಹೆಸರಿನ ಮುಂದೆ ಒಂಟಿ ಅಕ್ಷರವಾಗಿದ್ದ ಊರು ಹಿಗ್ಗಿ, ಹಿಂದಕ್ಕೆ ಸರಿದು, ಅಡ್ಡಹೆಸರಾಗಿ ಕೂತುಬಿಡುತ್ತದೆ. ಊರು ಬಿಟ್ಟವನಿಗೆ ಊರೇ ಮನೆತನ.

1986ರಲ್ಲಿ ನಮ್ಮ ಶಾಖೆಯ ಪಕ್ಕದ ಹೋಟೆಲಿನಲ್ಲಿ ಕುಂದಾಪುರದ ಕಡೆಯವನೊಬ್ಬ ಕೆಲಸಕ್ಕಿದ್ದ. ದಿನಾ ನಮಗೆ ಚಹಾ ತರುತ್ತಿದ್ದವನೂ ಅವನೇ. ಒಂದು ದಿನ ನಾಲ್ಕು ವರ್ಷದ ಮಗಳ ಹೆಸರಲ್ಲಿ ಉಳಿತಾಯ ಖಾತೆ ತೆರೆಯಲು ಬಂದ. ಹೆಸರು ಕೇಳಿದೆ. "ಡಿಂಪಲ್" ಅಂದ. ಹುಡುಗನಾಗಿದ್ದಾಗ 'ಬಾಬಿ' ಸಿನಿಮಾವನ್ನು ಎಷ್ಟು ಸಲ ನೋಡಿದ್ದನೋ ಪಾಪ. ನಾನು ಕನ್ನಡದಲ್ಲೇ, ಪಕ್ಕದ ಮೇಜಿನವರಿಗೂ ಕೇಳುವ ಹಾಗೆ, "ಯಾಕಪ್ಪ, ನಿಮ್ಮ ಮನೆದೇವರಿಗೆ ಹೆಸರೇ ಇರಲಿಲ್ವೆ?" ಎಂದು ನಕ್ಕೆ. ಅವನೂ ನಕ್ಕ. ಆಮೇಲೆ ಮೆಲ್ಲಗೆ ಹೇಳಿದ: "ಊರಲ್ಲಾಗಿದ್ರೆ ಅಜ್ಜಿ ಹೆಸರೇ ಇಡಬೇಕಿತ್ತು ಸರ್. ಇಲ್ಲಿ ನಮಗೆ ಇಷ್ಟ ಬಂದದ್ದು ಇಡಬಹುದಲ್ಲ." ನಾನು ಫಾರಂ ತುಂಬಿ, ಹಣ ಜಮಾ ಮಾಡಿಕೊಂಡು, ಅವನ ಮಾತನ್ನು ಮರೆತೆ.

ಅದು ಮತ್ತೆ ನೆನಪಾದದ್ದು ಒಂದು ಫ್ರೆಂಚ್ ಹೆಸರಿನಿಂದ. ಡೊಂಬಿವಿಲಿಯಿಂದ ವಿ.ಟಿ.ಗೆ ಹೋಗಿಬರುವ ಲೋಕಲ್ ರೈಲಿನಲ್ಲಿ ಓದಲೆಂದು ಫೌಂಟನ್ ಫುಟ್‌ಪಾತಿನಲ್ಲಿ ಹಳೆಯ ಪುಸ್ತಕ ಕೊಳ್ಳುವುದು ನನ್ನ ರೂಢಿ. ಹಾಗೆ ಸಿಕ್ಕಿದ್ದು ವಿಕ್ಟರ್ ಹ್ಯೂಗೋನ 'ಲೇ ಮಿಸರಾಬ್ಲ್' ಕಾದಂಬರಿಯ ಇಂಗ್ಲಿಷ್ ಅನುವಾದ. ರೊಟ್ಟಿ ಕದ್ದು ಜೈಲು ಕಂಡ ಜಾನ್ ವಾಲ್ಜಾನನ ಕತೆ ನಮ್ಮಲ್ಲಿ ಗೊತ್ತಿಲ್ಲದವರು ಕಡಿಮೆ. ಪಕ್ಕದ ತಮಿಳಿನಲ್ಲಿ 1950ರಲ್ಲೇ ಅದು 'ಏಳೈ ಪಡುಂ ಪಾಡು' ಎಂಬ ಚಿತ್ರವಾಯಿತು. ಅದರಲ್ಲಿ ಜಾವೇರ್ ಎಂಬ ಪೊಲೀಸ್ ಅಧಿಕಾರಿಯ ಪಾತ್ರ ಮಾಡಿದ ಸೀತಾರಾಮನ್ ಅವರಿಗೆ ಮುಂದೆ 'ಜಾವರ್ ಸೀತಾರಾಮನ್' ಎಂದೇ ಹೆಸರಾಯಿತು. ಈ ಕಾದಂಬರಿಯಿಂದ ಹೊರಟ ಹೆಸರುಗಳು ಎಲ್ಲೆಲ್ಲಿಗೆ ಹೋಗಿ ಅಂಟಿಕೊಂಡಿವೆ ನೋಡಿ.

ನನ್ನನ್ನು ಹಿಡಿದು ನಿಲ್ಲಿಸಿದ ಹೆಸರು ಎಪೊನೀನ್. ಮೊಂಫರ್ಮೇಯ್ ಎಂಬ ಹಳ್ಳಿಯ ಪುಟ್ಟ ಹೋಟೆಲಿನ ಮಾಲೀಕ ತೆನಾರ್ದಿಯೇ. ಅವನ ಹಿರಿಯ ಮಗಳು ಇವಳು. ಗಂಡ ಹೆಂಡತಿ ಇಬ್ಬರೂ ದುರುಳರು. ಫಾಂತೀನ್ ಎಂಬ ದಿಕ್ಕಿಲ್ಲದ ತಾಯಿ ನಂಬಿ ಬಿಟ್ಟುಹೋದ ಪುಟ್ಟ ಕೊಸೆತ್‌ಳನ್ನು ಕಸ ಗುಡಿಸುವುದಕ್ಕೆ, ನೀರು ಹೊರುವುದಕ್ಕೆ ಹಚ್ಚಿದವರು. ಇಂಥ ಮನೆಯ ಹುಡುಗಿಗೆ ಇಷ್ಟು ನಾಜೂಕಾದ ಹೆಸರು ಹೇಗೆ ಬಂತು? ಹ್ಯೂಗೋ ಅದಕ್ಕೆ ವಿವರಣೆ ಕೊಡುತ್ತಾನೆ. ಹೋಟೆಲಿನವನ ಹೆಂಡತಿಗೆ ಅಗ್ಗದ ಪ್ರೇಮಕಾದಂಬರಿಗಳ ಹುಚ್ಚು. ಅದರ ಫಲವಾಗಿ ಹಿರಿಯವಳು ಎಪೊನೀನ್ ಆದಳು. ಕಿರಿಯವಳು ಗುಲ್ನಾರ್ ಆಗಬೇಕಿತ್ತು. ಅಷ್ಟರಲ್ಲಿ ಇನ್ನೊಂದು ಕಾದಂಬರಿ ಕೈಗೆ ಬಂದು ಆಜೆಲ್ಮಾ ಆದಳು. ಗುಲ್ನಾರ್ ಅಂದರೆ ದಾಳಿಂಬೆ ಹೂವು, ಪಾರಸಿ ಮಾತು. ಬೈರನ್ ತನ್ನ 1814ರ 'ದಿ ಕೋರ್ಸೇರ್' ಕಾವ್ಯದಲ್ಲಿ ಬಳಸಿದ ಹೆಸರು.

ಇಲ್ಲಿ ಹ್ಯೂಗೋ ನಗುತ್ತಿದ್ದಾನೆ ಎಂದೇ ನನಗೆ ಆಗ ಅನ್ನಿಸಿತು. ದನ ಕಾಯುವ ಹುಡುಗನಿಗೆ ಆರ್ಥರ್, ಆಲ್ಫ್ರೆಡ್ ಎಂಬ ಹೆಸರು, ವೈಕೌಂಟನಿಗೆ ತೋಮಾ, ಪಿಯೇರ್ ಎಂಬ ಸಾದಾ ಹೆಸರು. ಕಾಲ ಹೀಗೆ ತಲೆಕೆಳಗಾಗಿದೆ ಅನ್ನುತ್ತಾನೆ. ನಾನೂ ರೈಲಿನಲ್ಲಿ ಕೂತು ನಕ್ಕೆ. ನಗುವಾಗಲೇ ಆ ಚಹಾದವನ ಮುಖ ಕಣ್ಣ ಮುಂದೆ ಬಂತು.

ಈ ಹೆಸರಿನ ಮೂಲ ಹುಡುಕಿದರೆ ಅಗ್ಗದ ಕಾದಂಬರಿಗಿಂತ ಬಹಳ ಹಿಂದಕ್ಕೆ ಹೋಗಬೇಕಾಗುತ್ತದೆ. ಇಂದಿನ ಫ್ರಾನ್ಸ್ ಆಗ ಗಾಲ್ ಎಂಬ ಹೆಸರಿನಲ್ಲಿ ರೋಮನ್ನರ ಕೈಯಲ್ಲಿತ್ತು. ಕ್ರಿ.ಶ. 69 ರೋಮಿನಲ್ಲಿ ಒಂದೇ ವರ್ಷ ನಾಲ್ವರು ಚಕ್ರವರ್ತಿಗಳಾದ ಗೊಂದಲದ ವರ್ಷ. ಆ ಗೊಂದಲದ ಬೆನ್ನಲ್ಲೇ ಲಿಂಗೋನ್ ಜನಾಂಗದ ನಾಯಕ ಜೂಲಿಯಸ್ ಸಬೀನಸ್ ಎಂಬಾತ ದಂಗೆ ಎದ್ದು, ತಾನೇ ಸೀಸರ್ ಎಂದು ಸಾರಿ, ಸೋತ. ಸೋತವನು ತನ್ನ ಮನೆಗೆ ಬೆಂಕಿ ಇಟ್ಟು, ಸತ್ತೆನೆಂದು ಸುದ್ದಿ ಹಬ್ಬಿಸಿ, ನೆಲದಡಿಯ ಗುಹೆ ಸೇರಿದ. ಸುದ್ದಿ ನಂಬಿದ ಹೆಂಡತಿ ಅನ್ನ ಬಿಟ್ಟು ಮಲಗಿದಳು. ಗಂಡ ಬದುಕಿದ್ದಾನೆ ಎಂದು ಗುಟ್ಟಾಗಿ ತಿಳಿದ ಮೇಲೂ ಹೊರಗೆ ವಿಧವೆಯ ಹಾಗೆ ಅಳುತ್ತಾ, ರಾತ್ರಿ ಹೊತ್ತು ಗುಹೆಗೆ ಹೋಗುತ್ತಾ ಒಂಬತ್ತು ವರ್ಷ ಕಳೆದಳು. ಆ ಕತ್ತಲಲ್ಲೇ ಎರಡು ಗಂಡುಮಕ್ಕಳನ್ನು ಹೆತ್ತಳು. ಕೊನೆಗೆ ಸಿಕ್ಕಿಬಿದ್ದರು. ಚಕ್ರವರ್ತಿ ವೆಸ್ಪಾಸಿಯನ್ ಎದುರಿಗೆ ಅವಳು ಮಕ್ಕಳನ್ನು ನಿಲ್ಲಿಸಿ ಬೇಡಿದರೂ ಅವನು ಕರಗಲಿಲ್ಲ, ಇಬ್ಬರಿಗೂ ಮರಣದಂಡನೆಯಾಯಿತು.

ಈಕೆಯ ಹೆಸರನ್ನು ಮೂರು ಜನ ಮೂರು ಥರ ಬರೆದಿಟ್ಟಿದ್ದಾರೆ. ಲ್ಯಾಟಿನ್ನಿನ ಟಾಸಿಟಸ್ ಎಪ್ಪೋನಿನಾ ಅಂದ. ಗ್ರೀಕಿನ ಪ್ಲೂಟಾರ್ಕ್ ಎಂಪೋನಾ ಅಂದ. ಡಿಯೋ ಕಾಸಿಯಸ್ ಪೆಪೋನಿಲಾ ಅಂದ. ನಮ್ಮ ಕೌಂಟರಿಗೆ ಮೂರು ಕಾಗುಣಿತದ ಚೆಕ್ಕು ಬಂದಿದ್ದರೆ ವಾಪಸು ಕಳಿಸುತ್ತಿದ್ದೆವು! ಪ್ಲೂಟಾರ್ಕ್ ಇವಳನ್ನು ಗ್ರೀಕಿನಲ್ಲಾದರೆ 'ವೀರನಾರಿ' ಎಂದು ಕರೆಯಬಹುದು ಎಂದ. ಭಾಷಾಶಾಸ್ತ್ರಜ್ಞರು ಮಾತ್ರ ಬೇರೆ ದಾರಿ ಹಿಡಿಯುತ್ತಾರೆ. ಗಾಲ್ ಜನರ ಮಾತಿನಲ್ಲಿ 'ಎಪೋಸ್' ಅಂದರೆ ಕುದುರೆ. ಅವರ ಕುದುರೆ ದೇವತೆ ಎಪೋನಾ. ರೋಮಿನ ಅಶ್ವದಳದವರೂ ಅವಳನ್ನು ಪೂಜಿಸುತ್ತಿದ್ದರು. ಎಪೊನೀನ್‌ಳ ಹೆಸರು ಆ ಬೇರಿನದು. ಇದೇ ಪದ ಲ್ಯಾಟಿನ್ನಿನಲ್ಲಿ 'ಎಕ್ವುಸ್', ಸಂಸ್ಕೃತದಲ್ಲಿ 'ಅಶ್ವ'. ಪ್ಯಾರಿಸ್ಸಿನ ಹುಡುಗಿಯ ಹೆಸರಿನೊಳಗೆ ನಮ್ಮ ಅಶ್ವಮೇಧದ ಕುದುರೆಯ ದಾಯಾದಿ ಇದೆ ಅಂದರೆ ಆಶ್ಚರ್ಯ ಆಗುತ್ತದೆ ಅಲ್ಲವೇ?

ಹೀಗೆ ಪತಿಭಕ್ತಿಗೆ ಗಾದೆಯಾದ ಈ ಹೆಸರು ಹದಿನೆಂಟನೆಯ ಶತಮಾನದ ಫ್ರಾನ್ಸಿನಲ್ಲಿ ನಾಟಕ, ಸಂಗೀತಗಳಿಗೆ ವಸ್ತುವಾಯಿತು. ಸಬೀನಸ್ ದಂಪತಿಗಳ ಮೇಲೆ ಗೊಸ್ಸೆಕ್ ಎಂಬ ಸಂಗೀತಗಾರನ ಆಪೆರಾ 1773ರಲ್ಲಿ ಬಂತು. ಆಮೇಲೆ ಕಾನೂನಿನ ಮಾತು. 1803ರ ಏಪ್ರಿಲ್ 1ರ ಕಾನೂನಿನ ಪ್ರಕಾರ ಫ್ರಾನ್ಸಿನಲ್ಲಿ ಮಗುವಿಗೆ ಪಂಚಾಂಗಗಳಲ್ಲಿರುವ ಹೆಸರು ಅಥವಾ ಪ್ರಾಚೀನ ಇತಿಹಾಸದ ಪ್ರಸಿದ್ಧರ ಹೆಸರು ಮಾತ್ರ ಇಡಬಹುದಿತ್ತು. 1993ರಲ್ಲಿ ಆ ಕಟ್ಟು ಸಡಿಲಿಸಿ ತಂದೆ ತಾಯಿಗೆ ಆಯ್ಕೆಯನ್ನು ಬಿಟ್ಟರು. ಕಾದಂಬರಿಯ ಹುಡುಗಿ ಹುಟ್ಟಿದ್ದು 1815ರ ಹೊತ್ತಿಗೆ. ಅಂದರೆ ಅವಳ ತಾಯಿ ಕಾದಂಬರಿ ಓದಿಯೇ ಹೆಸರಿಟ್ಟಿರಲಿ, ಗುಮಾಸ್ತ ತಕರಾರು ತೆಗೆಯುವ ಹಾಗಿರಲಿಲ್ಲ. ಹೆಸರು ಇತಿಹಾಸದ್ದೇ. ಆ ತಾಯಿಗೆ ಅದು ಗೊತ್ತಿರಲಿಲ್ಲ, ಅಷ್ಟೆ.

ನನ್ನ ಮುಖ್ಯ ಮಾತು ಇಲ್ಲಿಂದ ಶುರು. ಹೋಟೆಲು ಮುಳುಗಿ ಈ ಸಂಸಾರ ಪ್ಯಾರಿಸ್ಸಿಗೆ ಬರುತ್ತದೆ. ಗೋರ್ಬೋ ಎಂಬ ಹಾಳುಬಿದ್ದ ವಠಾರದಲ್ಲಿ ಕೋಣೆ ಹಿಡಿದು, ಸಾಲಗಾರರಿಗೆ ಹೆದರಿ ಜೊಂದ್ರೆತ್ ಎಂದು ಮನೆತನದ ಹೆಸರನ್ನೇ ಬದಲಾಯಿಸುತ್ತದೆ. ಬೊಂಬೆ ಹಿಡಿದು ಬೆಚ್ಚಗಿದ್ದ ಎಪೊನೀನ್ ಈಗ ಹಲ್ಲು ಉದುರಿದ, ಗಂಟಲು ಒಡೆದ, ಬರಿಗಾಲಿನ ಹುಡುಗಿ. ಪಕ್ಕದ ಕೋಣೆಯ ಮಾರಿಯುಸ್ ಎಂಬ ಯುವಕನಿಗೆ ಅಪ್ಪನ ಭಿಕ್ಷಾಪತ್ರ ಕೊಡಲು ಬರುತ್ತಾಳೆ. ಬಂದವಳ ಕಣ್ಣು ಹೋಗುವುದು ಮೇಜಿನ ಮೇಲಿನ ಪುಸ್ತಕಕ್ಕೆ. ತನಗೆ ಓದು ಬರುತ್ತದೆ ಎಂದು ಎತ್ತಿ ಓದುತ್ತಾಳೆ. ಬರೆಯಲೂ ಬರುತ್ತದೆ ಎಂದು ಕಾಗದದ ಮೇಲೆ, ಪೊಲೀಸರು ಬಂದರು ಎಂಬ ಅರ್ಥದ ಒಂದು ಸಾಲು ಬರೆದು ತೋರಿಸುತ್ತಾಳೆ. ಭಿಕ್ಷೆ ಬೇಡಲು ಬಂದವಳು ಮೊದಲು ತೋರಿಸಿದ್ದು ತನ್ನ ಅಕ್ಷರ! ಇಡೀ ಕಾದಂಬರಿಯಲ್ಲಿ ಇದಕ್ಕಿಂತ ದೊಡ್ಡ ದೃಶ್ಯ ನನಗಿಲ್ಲ. ಆ ಚೀಟಿಯೇ ಮುಂದೆ ಮಾರಿಯುಸ್‌ಗೆ ಉಪಯೋಗಕ್ಕೆ ಬರುತ್ತದೆ.

ಅವಳು ಅವನನ್ನು ಪ್ರೀತಿಸುತ್ತಾಳೆ. ಅವನು ಪ್ರೀತಿಸುವುದು ಕೊಸೆತ್‌ಳನ್ನು. ಕೊಸೆತ್‌ಳ ವಿಳಾಸ ಹುಡುಕಿಕೊಟ್ಟವಳೂ ಎಪೊನೀನೇ. ಆ ಮನೆಗೆ ಕನ್ನ ಹಾಕಲು ಬಂದ ತನ್ನ ಅಪ್ಪನ ಗುಂಪನ್ನು ಗೇಟಿನಲ್ಲಿ ಒಬ್ಬಳೇ ತಡೆದು ಹಿಂದಕ್ಕೆ ಕಳಿಸಿದವಳೂ ಅವಳೇ. ಹಾಗೆಂದು ದೇವತೆಯಲ್ಲ. ಕೊಸೆತ್ ಬರೆದ ಪತ್ರವನ್ನು ಬಚ್ಚಿಡುತ್ತಾಳೆ. ಇಬ್ಬರೂ ಒಟ್ಟಿಗೆ ಸಾಯೋಣ ಎಂದು 1832ರ ಜೂನ್ ದಂಗೆಯ ಬೀದಿ ಅಡ್ಡಗಟ್ಟೆಗೆ ಅವನನ್ನು ಕರೆಸುತ್ತಾಳೆ. ಆದರೆ ಸೈನಿಕನ ಬಂದೂಕು ಅವನ ಕಡೆ ತಿರುಗಿದ ಕ್ಷಣ ಅವಳ ಕೈ ನಳಿಗೆಗೆ ಅಡ್ಡ ಬರುತ್ತದೆ. ಗುಂಡು ಅಂಗೈ ತೂರಿ ಎದೆ ಹೊಕ್ಕು ಬೆನ್ನಿನಿಂದ ಹೊರಬರುತ್ತದೆ. ಸಾಯುವಾಗ ಬಚ್ಚಿಟ್ಟ ಪತ್ರವನ್ನು ಕೊಟ್ಟು, ಸತ್ತ ಮೇಲೆ ಹಣೆಗೊಂದು ಮುತ್ತು ಕೊಡು ಎಂದು ಕೇಳಿ ಕಣ್ಣು ಮುಚ್ಚುತ್ತಾಳೆ.

ಗಾಲ್‌ನ ಎಪೊನೀನ್ ಗಂಡನಿಗಾಗಿ ನೆಲದಡಿ ಬದುಕಿದಳು. ಪ್ಯಾರಿಸ್ಸಿನ ಎಪೊನೀನ್ ತನ್ನವನಲ್ಲದವನಿಗಾಗಿ ಬೀದಿಯಲ್ಲಿ ಸತ್ತಳು. ಮೊದಲನೆಯವಳಿಗೆ ಪಾತಿವ್ರತ್ಯದ ಹಕ್ಕಾದರೂ ಇತ್ತು, ಇವಳಿಗೆ ಅದೂ ಇಲ್ಲ. ತಾಯಿ ಅರ್ಥ ಗೊತ್ತಿಲ್ಲದೆ ಕಡ ತಂದ ಹೆಸರು. ಕಡ ತಂದವಳು ತೀರಿಸಲಿಲ್ಲ. ಮಗಳು ಅಸಲಿಗೆ ಬಡ್ಡಿ ಸೇರಿಸಿ ತೀರಿಸಿದಳು. ಸಾಲದ ವಿಭಾಗದಲ್ಲಿ ಬಹಳ ವರ್ಷ ಕೂತವನು ನಾನು, ಇಂಥ ವಸೂಲಿ ಕಂಡಿಲ್ಲ.

ಕೊಸೆತ್‌ಳ ಹೆಸರಿನ ಜೊತೆ ಇಟ್ಟು ನೋಡಿ. ಅವಳ ನಿಜವಾದ ಹೆಸರು ಯೂಫ್ರಾಸಿ, ಗ್ರೀಕಿನಲ್ಲಿ ಸಂತೋಷ ಎಂದರ್ಥ. ತಾಯಿ ಮುದ್ದಿನಿಂದ ಕೊಸೆತ್ ಮಾಡಿದಳು. ತಾಯಂದಿರ ಈ ಬುದ್ಧಿ ಯಾವ ಶಬ್ದಶಾಸ್ತ್ರಕ್ಕೂ ನಿಲುಕದು ಎಂದು ಹ್ಯೂಗೋ ಮೆಚ್ಚುತ್ತಾನೆ. ನಮ್ಮಲ್ಲಿ ಪದ್ಮಾವತಿ ಪದ್ದಿಯಾಗಿ, ಸರಸ್ವತಿ ಸರಸು ಆಗುವುದಿಲ್ಲವೇ? ಮನೆಮಾತಿನ ಹೆಸರಿನವಳಿಗೆ ಕಾದಂಬರಿಕಾರ ಅಪ್ಪನಂಥ ವಾಲ್ಜಾನ್, ಗಂಡ, ಸಂಪತ್ತು ಎಲ್ಲ ಕೊಟ್ಟ. ತೋರಿಕೆಯ ಹೆಸರಿನವಳಿಗೆ ಗುಂಡು ಕೊಟ್ಟ. ಆದರೆ ಓದಿ ಮುಗಿಸಿದ ಮೇಲೆ ಮನಸ್ಸಿನಲ್ಲಿ ಉಳಿಯುವವಳು ಯಾರು? ದೊಡ್ಡವಳಾದ ಕೊಸೆತ್ ಚಿತ್ರದ ಹಾಗೆ ಚೆನ್ನಾಗಿದ್ದಾಳೆ, ಮಾತು ನೆನಪಿರುವುದಿಲ್ಲ. ಎಪೊನೀನ್‌ಳ ಒಡಕು ದನಿ ಕಿವಿಯಿಂದ ಹೋಗುವುದಿಲ್ಲ. ಅವಳು ಸತ್ತ ಮೇಲಿನ ನೂರಾರು ಪುಟಗಳಲ್ಲಿ ಹ್ಯೂಗೋ ಅವಳನ್ನು ಹೆಚ್ಚು ನೆನೆಯುವುದಿಲ್ಲ. ಇದು ನನ್ನ ದೃಷ್ಟಿಯಲ್ಲಿ ಈ ಮಹಾಕೃತಿಯ ಒಂದು ದೊಡ್ಡ ಅನ್ಯಾಯ. ಓದುಗರು ಅದನ್ನು ಸರಿಮಾಡಿದರು. ಈ ಕಾದಂಬರಿಯ ಸಂಗೀತನಾಟಕ 1980ರಲ್ಲಿ ಪ್ಯಾರಿಸ್ಸಿನಲ್ಲಿ, 1985ರಲ್ಲಿ ಲಂಡನ್ನಿನಲ್ಲಿ ಬಂದ ಮೇಲೆ ಜನ ಕಣ್ಣೀರು ಹಾಕಿದ್ದು ಎಪೊನೀನ್‌ಳ ಹಾಡಿಗೆ. ಅಷ್ಟಾದರೂ ಫ್ರಾನ್ಸಿನಲ್ಲಿ ಮಕ್ಕಳಿಗೆ ಈ ಹೆಸರಿಡುವವರು ವಿರಳ.

ನಿವೃತ್ತಿಯಾದ ಮೇಲೆ ಪುಸ್ತಕವನ್ನು ಎರಡನೆಯ ಸಲ ಓದಿದೆ. ಹೆಸರುಗಳನ್ನು ಗೇಲಿ ಮಾಡುವ ಆ ಪ್ಯಾರಾದ ಕೊನೆ, ರೈಲಿನ ನೂಕುನುಗ್ಗಲಿನಲ್ಲಿ ನಾನು ಹಾರಿಸಿದ್ದು, ಈಗ ಕಣ್ಣಿಗೆ ಬಿತ್ತು. ಈ ಅಪಸ್ವರ ಮೇಲುನೋಟದ್ದು ಮಾತ್ರ, ಅದರ ಕೆಳಗೆ ಗಂಭೀರವಾದ ಒಂದು ಸಂಗತಿ ಇದೆ, ಅದು ಫ್ರೆಂಚ್ ಮಹಾಕ್ರಾಂತಿ ಎಂದು ಹ್ಯೂಗೋ ಅಲ್ಲಿ ಹೇಳಿದ್ದಾನೆ. ಬಡವನ ಮಗು ದೊಡ್ಡ ಹೆಸರು ಇಟ್ಟುಕೊಳ್ಳುವುದು ಸಮಾನತೆಯ ಒಂದು ಅಲೆ ಎಂಬುದು ಅದರ ಭಾವ. ಅಂದರೆ ನಕ್ಕವನು ಅವನಲ್ಲ, ಅಥವಾ ನಕ್ಕು ತಪ್ಪು ತಿದ್ದಿಕೊಂಡವನು ಅವನು. ನಕ್ಕು ಮುಂದೆ ಹೋದವನು ನಾನು.

ಈ ಪುಸ್ತಕ ಮುಗಿಸುವಾಗ ಹ್ಯೂಗೋ ಕೂಡ ಊರು ಬಿಟ್ಟವನೇ ಎಂಬುದನ್ನು ಮರೆಯಬಾರದು. 1851ರ ಡಿಸೆಂಬರಿನಲ್ಲಿ ದೇಶ ಬಿಟ್ಟು ಬ್ರಸೆಲ್ಸ್, ಜರ್ಸಿ, ಗರ್ನ್ಸಿ ಎಂದು ಅಲೆದು 1870ರಲ್ಲಿ ಮರಳಿದ. ಕಾದಂಬರಿ ಅಚ್ಚಾದದ್ದು 1862ರಲ್ಲಿ. ಪ್ಯಾರಿಸ್ ಬಿಟ್ಟು ಎಷ್ಟೋ ವರ್ಷವಾಯಿತು, ಅಲ್ಲಿನ ಬೀದಿಗಳು ಈಗ ಹೇಗಿವೆಯೋ, ನೆನಪಿನಲ್ಲಿದ್ದಂತೆ ಬರೆಯುತ್ತೇನೆ ಎಂದು ಕತೆಯ ನಡುವೆ ಅವನೇ ಹೇಳಿಕೊಳ್ಳುತ್ತಾನೆ. ಹೊರಗೆ ಕೂತವನಿಗೆ ಹೆಸರಿನ ಬೆಲೆ ಗೊತ್ತಾಗುತ್ತದೆ. ಹೊರನಾಡಿನಲ್ಲಿರುವ ನಾವು ಬೀದಿ, ಕೆರೆ, ದೇವರ ಹೆಸರುಗಳನ್ನು ಜಪಿಸುವುದೂ ಅದಕ್ಕೇ. ಆದರೆ ಹೊರಗೆ ಬಂದವರೆಲ್ಲರೂ ಒಂದೇ ಕಾರಣಕ್ಕೆ ಬಂದವರಲ್ಲ. ವರ್ಗವಾಗಿ ಬಂದ ನನಗೆ ಊರಿನ ಹೆಸರು ಆಸ್ತಿ. ಹೊಟ್ಟೆಪಾಡಿಗೆ ಬಂದ ಆ ಚಹಾದವನಿಗೆ ಹೊಸ ಹೆಸರೇ ಗಳಿಕೆ.

2000ದಲ್ಲಿ ನಾನು ಎರಡನೆಯ ಸಲ ಅದೇ ಶಾಖೆಗೆ ವರ್ಗವಾಗಿ ಬಂದಿದ್ದೆ. ಹದಿನೆಂಟು ತುಂಬಿದ ಹುಡುಗಿಯೊಬ್ಬಳು ಮೈನರ್ ಖಾತೆಯನ್ನು ತನ್ನ ಹೆಸರಿಗೆ ಮಾಡಿಸಿಕೊಳ್ಳಲು ಅಪ್ಪನ ಜೊತೆ ಬಂದಳು. ಮಾದರಿ ಸಹಿ ಹಾಕಲು ಕಾರ್ಡು ಮುಂದಿಟ್ಟೆ. ಗೀಚಲಿಲ್ಲ; ಒಂದೊಂದೇ ಅಕ್ಷರ ಬಿಡಿಬಿಡಿಯಾಗಿ ಇಂಗ್ಲಿಷಿನಲ್ಲಿ ಡಿಂಪಲ್ ಎಂದು ಬರೆದಳು. ಅದರ ಕೆಳಗೆ, ನಾನು ಕೇಳದೆಯೇ, ಕನ್ನಡದಲ್ಲಿ ಇನ್ನೊಂದು ಸಲ ಬರೆದು ತಲೆ ಎತ್ತಿ ನೋಡಿದಳು. ಅಪ್ಪ ಕಲಿಸಿದ್ದನಂತೆ.

ಎರಡು ಸಹಿ ನಿಯಮಕ್ಕೆ ಸರಿ ಅಲ್ಲ, ಕಾರ್ಡು ಬದಲಾಯಿಸಬೇಕಿತ್ತು. ನಾನು ಬದಲಾಯಿಸಲಿಲ್ಲ.