ತಪ್ಪಿದ ನಾಲ್ಕು ಕುಣಿಕೆ

ಸತ್ತವನು ತಮ್ಮ ಅಣ್ಣನೋ ಅಲ್ಲವೋ ಎಂದು ತಿಳಿಯಲು ಇಬ್ಬರು ಅಕ್ಕತಂಗಿಯರು ಕಾಲುಚೀಲದ ಕುಣಿಕೆ ಎಣಿಸುತ್ತಾರೆ. ದೂರದ ಡೊನೆಗಾಲ್ ತೀರದಲ್ಲಿ ಹೆಣವೊಂದು ತೇಲಿಬಂದಿದೆ. ಅದರ ಮೈಮೇಲಿದ್ದ ಅಂಗಿಯ ತುಂಡನ್ನೂ ಒಂದು ಕಾಲುಚೀಲವನ್ನೂ ಪಾದ್ರಿ ಗಂಟು ಕಟ್ಟಿ ಕೊಟ್ಟಿದ್ದಾನೆ. ತಾಯಿ ಹೊರಗೆ ಹೋಗಿದ್ದಾಳೆ, ಅವಳು ಬರುವುದರೊಳಗೆ ತಿಳಿಯಬೇಕು. ಉಪ್ಪುನೀರಿಗೆ ಬಿಗಿದ ಗಂಟು ಬಿಚ್ಚಲು ಬರುವುದಿಲ್ಲ, ಚಾಕುವಿನಿಂದ ಕೊಯ್ಯುತ್ತಾರೆ. ಅಂಗಿ ಅಣ್ಣನದೇ ಇರಬಹುದು. ಆದರೆ ಅದೇ ಬಟ್ಟೆಯ ಥಾನುಗಳು ಗಾಲ್ವೇಯ ಅಂಗಡಿಗಳಲ್ಲಿ ಬೇಕಾದಷ್ಟಿವೆ, ಯಾರು ಬೇಕಾದರೂ ಹೊಲಿಸಿರಬಹುದು. ಕಾಲುಚೀಲದ ಮಾತು ಹಾಗಲ್ಲ. ಅದನ್ನು ಹೆಣೆದವಳು ತಂಗಿಯೇ. ಅರವತ್ತು ಕುಣಿಕೆ ಹಾಕಿ ನಾಲ್ಕನ್ನು ಬಿಟ್ಟಿದ್ದು ಅವಳಿಗೆ ನೆನಪಿದೆ. ಎಣಿಸಿ ನೋಡಿದರೆ ಲೆಕ್ಕ ಸರಿಹೋಗುತ್ತದೆ.

ಜೆ. ಎಂ. ಸಿಂಗ್ ಅವರ 'ರೈಡರ್ಸ್ ಟು ದ ಸೀ' ನಾಟಕದ ದೃಶ್ಯವಿದು. (ನಮ್ಮ ಉತ್ತರದ ಸಿಂಗ್‌ಗಳಿಗೂ ಈ ಐರಿಷ್ ನಾಟಕಕಾರರಿಗೂ ಯಾವ ನಂಟೂ ಇಲ್ಲ.) 1904ರ ಫೆಬ್ರವರಿ 25ರಂದು ಡಬ್ಲಿನ್ನಿನ ಮೋಲ್ಸ್‌ವರ್ತ್ ಹಾಲ್‌ನಲ್ಲಿ ಮೊದಲು ಆಡಿದ ಈ ಏಕಾಂಕ ಅರ್ಧ ಗಂಟೆಯಲ್ಲಿ ಮುಗಿಯುತ್ತದೆ. ಐರಿಷ್ ದ್ವೀಪದ ನಾಟಕವೆಂದರೆ ಮಂಜು, ಅಲೆಯ ಸದ್ದು, ದೆವ್ವ, ಪಿಟೀಲು ಎಂದುಕೊಂಡವರು ಇದನ್ನು ಓದಬೇಕು. ದ್ವೀಪ ಸಿಂಗ್‌ಗೆ ಕೊಟ್ಟಿದ್ದು ವಾತಾವರಣವನ್ನಲ್ಲ, ಸಾಮಾನುಗಳನ್ನು. ಯಾರು ಮಾಡಿದ್ದು, ಎಲ್ಲಿಂದ ತಂದಿದ್ದು, ಯಾತಕ್ಕಾಗಿ ಇಟ್ಟಿದ್ದು ಎಂಬುದು ಇಡೀ ಊರಿಗೆ ಗೊತ್ತಿರುವ ಸಾಮಾನುಗಳು.

ಸಿಂಗ್‌ಗೆ ಈ ಸಾಮಾನುಗಳನ್ನು ಕೊಟ್ಟ ಆರನ್ ದ್ವೀಪಗಳು ಮೂರು: ಇನಿಶ್‌ಮೋರ್, ಇನಿಶ್‌ಮಾನ್, ಇನಿಶೀರ್. ಗಾಲ್ವೇ ಕೊಲ್ಲಿಯ ಬಾಯಿಗೆ ಅಡ್ಡಲಾಗಿ ಬಿದ್ದಿರುವ ಸುಣ್ಣಕಲ್ಲಿನ ಹಾಸುಗಳು. ಅಲ್ಲಿ ಮಣ್ಣೂ ಸಿಕ್ಕುತ್ತಿರಲಿಲ್ಲ, ಮಾಡಿಕೊಳ್ಳಬೇಕಿತ್ತು. ಬರಿಬಂಡೆಯ ಮೇಲೆ ಮರಳು, ಕಡಲಕಳೆ ಹೊತ್ತು ಹಾಕಿ ಆಲೂಗಡ್ಡೆ ಬೆಳೆದ ಜನ ಅವರು. ಮರದ ಪಟ್ಟಿಗಳ ಹಂದರಕ್ಕೆ ಡಾಂಬರು ಬಳಿದ ಕ್ಯಾನ್ವಾಸ್ ಹೊದಿಸಿದ ಹಗುರ ದೋಣಿಯಲ್ಲಿ ಅಟ್ಲಾಂಟಿಕ್‌ಗೆ ಇಳಿಯುತ್ತಿದ್ದರು. ಕಾಲಿಗೆ ಹಸಿ ದನದ ಚರ್ಮದ ಪಂಪೂಟಿ. ಒಣಗಿದರೆ ಗಟ್ಟಿಯಾಗಿ ಕಾಲು ಕಚ್ಚುವುದರಿಂದ ಅದನ್ನು ಆಗಾಗ ನೀರಿಗದ್ದಿಕೊಳ್ಳಬೇಕಿತ್ತು.

ಸಿಂಗ್ ಇಲ್ಲಿಗೆ ಬಂದ ಕಥೆಯನ್ನು ಕವಿ ಯೇಟ್ಸ್ ಬಹಳ ಚೆಂದವಾಗಿ ಹೇಳಿದ್ದಾರೆ, ಸ್ವಲ್ಪ ಹೆಚ್ಚೇ ಚೆಂದವಾಗಿ. 1896ರ ಡಿಸೆಂಬರ್‌ನಲ್ಲಿ ಪ್ಯಾರಿಸ್ಸಿನಲ್ಲಿ ಫ್ರೆಂಚ್ ಸಾಹಿತ್ಯದ ವಿಮರ್ಶೆ ಬರೆಯುವ ಕನಸಿನಲ್ಲಿದ್ದ ಬಡ ಯುವಕನನ್ನು ಕಂಡು, ಇದನ್ನು ಬಿಟ್ಟು ಆರನ್‌ಗೆ ಹೋಗಿ ಅಲ್ಲಿನವರಲ್ಲೊಬ್ಬನಾಗಿ ಬದುಕು ಎಂದು ತಾವೇ ಹೇಳಿದ್ದಾಗಿ ಯೇಟ್ಸ್ ಬರೆದರು. ಮಾತು ನಿಜವೇ. ಆದರೆ ಸಿಂಗ್ ಅದಕ್ಕೂ ಮೊದಲೇ ಡಬ್ಲಿನ್ನಿನ ಟ್ರಿನಿಟಿ ಕಾಲೇಜಿನಲ್ಲಿ ಐರಿಷ್ ಭಾಷೆ ಕಲಿತಿದ್ದರು. ಅವರ ದೊಡ್ಡಪ್ಪನೊಬ್ಬರು 1851ರಲ್ಲೇ ಪ್ರೊಟೆಸ್ಟೆಂಟ್ ಪಾದ್ರಿಯಾಗಿ ಆರನ್‌ಗೆ ಹೋಗಿದ್ದರು. ಯೇಟ್ಸ್ ಹೇಳಿದ ಕೂಡಲೇ ಇವರು ಎದ್ದು ಹೊರಟವರೂ ಅಲ್ಲ. ಮೊದಲ ಸಲ ಹೋದದ್ದು 1898ರ ಮೇ ತಿಂಗಳಲ್ಲಿ. 1902ರವರೆಗೆ ಒಟ್ಟು ಐದು ಸಲ ಹೋದರು. ಕ್ಯಾಮೆರಾ ಒಯ್ದರು, ಪಿಟೀಲು ನುಡಿಸಿದರು, ಟಿಪ್ಪಣಿ ಬರೆದರು. ಆ ಟಿಪ್ಪಣಿಗಳೇ 1907ರಲ್ಲಿ 'ದ ಆರನ್ ಐಲೆಂಡ್ಸ್' ಎಂಬ ಪುಸ್ತಕವಾದವು. ಚಿತ್ರ ಬರೆದವರು ಯೇಟ್ಸ್ ಅವರ ತಮ್ಮ ಜಾಕ್.

ಆ ಪುಸ್ತಕದಲ್ಲೊಂದು ಸಣ್ಣ ಸಂಗತಿಯಿದೆ, ರಂಗ ವಿನ್ಯಾಸಕರು ಓದಲೇಬೇಕಾದ್ದು. ದ್ವೀಪದ ಮನೆಗಳಿಗೆ ಎದುರುಬದುರು ಎರಡು ಬಾಗಿಲು. ಗಾಳಿ ಬೀಸದ ಕಡೆಯದನ್ನು ಹಗಲೆಲ್ಲ ತೆರೆದಿಡುತ್ತಾರೆ. ಉತ್ತರದ ಗಾಳಿಯಿದ್ದರೆ ದಕ್ಷಿಣದ ಬಾಗಿಲು ತೆರೆದಿರುತ್ತದೆ. ಆಗ ಅಡುಗೆಮನೆಯ ನೆಲದ ಮೇಲೆ ಸರಿಯುವ ಚೌಕಟ್ಟಿನ ನೆರಳೇ ಗಡಿಯಾರ. ಗಾಳಿ ತಿರುಗಿ ದಕ್ಷಿಣದಿಂದ ಬೀಸಿತೋ, ಮುಚ್ಚುವ ಬಾಗಿಲು ಬದಲಾಗುತ್ತದೆ, ನೆರಳಿಲ್ಲ, ಹೊತ್ತೂ ಗೊತ್ತಾಗುವುದಿಲ್ಲ. ಸಿಂಗ್ ಉಳಿದುಕೊಂಡ ಮನೆಯ ಮುದುಕಿ ಉತ್ತರದ ಗಾಳಿಯ ದಿನ ಹೊತ್ತಿಗೆ ಸರಿಯಾಗಿ ಊಟ ಕೊಡುತ್ತಿದ್ದಳು. ಉಳಿದ ದಿನ ಆರು ಗಂಟೆಯ ಚಹಾ ಮೂರಕ್ಕೇ ಬಂದುಬಿಡುತ್ತಿತ್ತು.

ಇಂಥ ಕಣ್ಣು ನಾಟಕಕ್ಕೆ ಇಳಿದಾಗ ಏನಾಗುತ್ತದೆ ನೋಡಿ. 'ರೈಡರ್ಸ್' ನಾಟಕದ ಪರದೆ ಎದ್ದಾಗ ಗೋಡೆಗೆ ಒರಗಿಸಿದ ಹೊಸ ಬಿಳಿ ಹಲಗೆಗಳು ಕಾಣುತ್ತವೆ. ಕಾಣೆಯಾದ ಮಗ ಮೈಕೆಲ್‌ನ ಶವಪೆಟ್ಟಿಗೆಗೆಂದು ಮುದುಕಿ ಮೋರ್ಯಾ ದುಬಾರಿ ಬೆಲೆ ಕೊಟ್ಟು ತರಿಸಿದ್ದು. ಮರವೇ ಇಲ್ಲದ ದ್ವೀಪದಲ್ಲಿ ಹೆಣಕ್ಕಿಂತ ಮೊದಲು ಹಲಗೆ ಹೊಂದಿಸಬೇಕು. ಪಕ್ಕದ ಮೊಳೆಗೆ ಹೊಸ ಹಗ್ಗ ನೇತುಹಾಕಿದ್ದಾರೆ, ಕೆಳಗಿಟ್ಟರೆ ಹಂದಿ ತಿನ್ನುತ್ತದೆಂದು. ಉಳಿದಿರುವ ಒಬ್ಬನೇ ಮಗ ಬಾರ್ಟ್ಲಿಗೆ ಆ ಹಗ್ಗ ಬೇಕು: ಗಾಲ್ವೇ ಜಾತ್ರೆಯಲ್ಲಿ ಮಾರಲು ಕುದುರೆ ಒಯ್ಯಬೇಕು, ಕಟ್ಟಲು ಹಗ್ಗವಿಲ್ಲ. ತಾಯಿ ಕೊಡಲೊಲ್ಲಳು. ನಾಳೆ ಮೈಕೆಲ್‌ನ ಹೆಣ ದಡಕ್ಕೆ ಬಂದರೆ ಆಳವಾದ ಗುಂಡಿಗೆ ಇಳಿಸಲು ಅದೇ ಹಗ್ಗ ಬೇಕು. ಒಂದೇ ಹಗ್ಗ, ಬದುಕಿರುವ ಮಗನಿಗೋ ಸತ್ತ ಮಗನಿಗೋ? ತಾಯಿ ಮಗನ ಜಗಳದಲ್ಲಿ ಪ್ರೀತಿ, ವಿಧಿ ಎಂಬ ದೊಡ್ಡ ಮಾತುಗಳು ಬರುವುದೇ ಇಲ್ಲ. ಬಾರ್ಟ್ಲಿ ಹಗ್ಗ ತೆಗೆದುಕೊಂಡು ಹೋಗುತ್ತಾನೆ. ಅವನಿಗೆಂದು ಸುಟ್ಟ ರೊಟ್ಟಿ ಮನೆಯಲ್ಲೇ ಉಳಿಯುತ್ತದೆ. ಕೊನೆಗೆ ಬಿಳಿ ಹಲಗೆಗಳು ಬೇರೆ ಮಗನ ಪಾಲಾಗುತ್ತವೆ, ಮೊಳೆ ತರುವುದನ್ನು ಮಾತ್ರ ಯಾರೂ ನೆನೆದಿರುವುದಿಲ್ಲ. ಇಷ್ಟು ಪೆಟ್ಟಿಗೆ ಮಾಡಿಸಿದವಳು ಮೊಳೆ ಮರೆತಳಲ್ಲ ಎಂದು ಬಂದವರು ಬೆರಗಾಗುತ್ತಾರೆ. ಗಂಡ, ಮಾವ, ಆರು ಗಂಡುಮಕ್ಕಳನ್ನು ಕಳೆದುಕೊಂಡವಳ ದಣಿವಿಗೆ ಆ ಮೊಳೆಗಿಂತ ಗಟ್ಟಿಯಾದ ಸಾಕ್ಷಿ ರಂಗದ ಮೇಲೆ ಸಿಕ್ಕಲಾರದು.

ಜಾನಪದವನ್ನೂ ಸಿಂಗ್ ಹೀಗೇ ಬಳಸಿದರು. ಕುದುರೆಗಳನ್ನು ದಕ್ಕೆಗೆ ಇಳಿಸುವಾಗ ಮುಳುಗಿ ಸತ್ತ ತನ್ನ ಮಗ ಒಂದರ ಮೇಲೆ ಕುಳಿತಿದ್ದನ್ನು ಒಬ್ಬ ಮುದುಕಿ ಕಂಡಳು, ಬಾಯಿ ಬಿಡಲಿಲ್ಲ, ಆ ಕುದುರೆ ಹಿಡಿದವನು ಅದೇ ದಿನ ನೀರುಪಾಲಾದ ಎಂಬ ಕಥೆಯನ್ನು ಅವರು ದ್ವೀಪದಲ್ಲಿ ಕೇಳಿದ್ದರು. ಇನ್ನೊಂದು ಕಥೆಯಲ್ಲಿ, ದಾರಿಹೋಕಳೊಬ್ಬಳು ಮಗುವನ್ನು ಹೊಗಳಿದಾಗ ದೃಷ್ಟಿ ತಗಲದಿರಲಿ ಎಂದು ತಾಯಿ ದೇವರ ಹೆಸರು ಹೇಳಲು ಹೋಗುತ್ತಾಳೆ, ಮಾತು ಗಂಟಲಲ್ಲೇ ಸಿಕ್ಕಿಕೊಳ್ಳುತ್ತದೆ, ಮಗು ಉಳಿಯುವುದಿಲ್ಲ. ಸಾಯುವ ಮುನ್ನ ಆ ಮಗು ತಾನು ಅಮೆರಿಕಕ್ಕೆ ಹೋಗುತ್ತೇನೆ ಎಂದಿತಂತೆ! ವಲಸೆಯೇ ಸಾವಿಗೆ ಇನ್ನೊಂದು ಹೆಸರಾದ ಕಾಲ ಅದು. ನಾಟಕದಲ್ಲಿ ಈ ಎರಡೂ ಕಥೆ ಮೋರ್ಯಾಳ ಒಂದೇ ಅನುಭವವಾಗಿವೆ. ಹರಸಲು ಹೋದರೆ ಮಾತು ಹೊರಡದು. ಬಾರ್ಟ್ಲಿಯ ಹಿಂದೆ ಬೂದು ಕುದುರೆಯ ಮೇಲೆ ಮೈಕೆಲ್, ಒಳ್ಳೆಯ ಬಟ್ಟೆ ತೊಟ್ಟು, ಕಾಲಿಗೆ ಹೊಸ ಜೋಡು ಮೆಟ್ಟಿಕೊಂಡು. ದೆವ್ವ ರಂಗಕ್ಕೆ ಬರುವುದಿಲ್ಲ. ಬರಿಸಿದ ನಿರ್ದೇಶಕರಿದ್ದಾರೆ, ನಾಟಕ ಕೆಟ್ಟಿದ್ದು ಅಲ್ಲೇ.

ಇನಿಶ್‌ಮಾನ್‌ನ ಕಥೆಗಾರ ಪ್ಯಾಟ್ ಡಿರೇನ್ ಇನ್ನೊಂದು ಕಥೆ ಹೇಳಿದ್ದ, ತನಗೇ ಆದದ್ದೆಂಬಂತೆ. ಗಾಲ್ವೇಯಿಂದ ಡಬ್ಲಿನ್‌ಗೆ ನಡೆದು ಹೋಗುವಾಗ ಮಳೆ ಬಂತು, ಮನೆಯೊಂದಕ್ಕೆ ಹೊಕ್ಕರೆ ಮೇಜಿನ ಮೇಲೆ ಗಂಡನ ಹೆಣ, ಪಕ್ಕದಲ್ಲಿ ಹೆಂಡತಿ. ಅವಳು ಹೊರಹೋದದ್ದೇ ಹೆಣ ಎದ್ದು ಕೂರುತ್ತದೆ! ಹೆಂಡತಿಯ ಗುಟ್ಟು ಹಿಡಿಯಲು ಅವನು ಸತ್ತವನಂತೆ ಮಲಗಿದ್ದ. ಡಿರೇನ್‌ನ ಕಥೆ ಪ್ರಿಯಕರನಿಗೆ ಬಿದ್ದ ದೊಣ್ಣೆಯ ಪೆಟ್ಟಿನಲ್ಲಿ, ಚಿಮ್ಮಿದ ರಕ್ತದಲ್ಲಿ ಮುಗಿಯುತ್ತದೆ. ಸಿಂಗ್ ಅದನ್ನು ವಿಕ್ಲೋ ಬೆಟ್ಟಗಳಿಗೆ ಒಯ್ದು 'ದ ಶ್ಯಾಡೋ ಆಫ್ ದ ಗ್ಲೆನ್' ಮಾಡಿದಾಗ ಕೊನೆ ತಿರುಗಿತು: ಹೆಂಡತಿ ಅಲೆಮಾರಿಯೊಬ್ಬನ ಜತೆ ಹೊರಟುಹೋಗುತ್ತಾಳೆ, ಗಂಡನೂ ಪ್ರಿಯಕರನೂ ಕೂತು ಒಟ್ಟಿಗೆ ಕುಡಿಯುತ್ತಾರೆ. 1903ರಲ್ಲಿ ಡಬ್ಲಿನ್ನಿನ ರಾಷ್ಟ್ರೀಯವಾದಿಗಳು ಕೆರಳಿದ್ದು ಈ ಕೊನೆಗೆ. ಐರಿಷ್ ಹೆಂಗಸು ಹೀಗೆ ಮಾಡುವವಳಲ್ಲ, ಇದು ಹಳೆಯ ರೋಮನ್ ಕಥೆಯ ನಕಲು ಎಂದು ಅವರಲ್ಲೊಬ್ಬರಾದ ಆರ್ಥರ್ ಗ್ರಿಫಿತ್ ತಮ್ಮ ಪತ್ರಿಕೆಯಲ್ಲಿ ವಾದಿಸಿದರು. ಕಥೆ ಆರನ್‌ನ ಮುದುಕನ ಬಾಯಿಂದ ಬಂದದ್ದೆಂದರೂ ಕೇಳುವವರಿರಲಿಲ್ಲ.

ಸಿಂಗ್ ಅವರ 'ದ ಪ್ಲೇಬಾಯ್ ಆಫ್ ದ ವೆಸ್ಟರ್ನ್ ವರ್ಲ್ಡ್' ನಾಟಕದ ಗಲಾಟೆಯನ್ನು ಎಲ್ಲರೂ ಬಲ್ಲರು, ಇಲ್ಲಿ ಬೇಗ ದಾಟಬಹುದು. ಸಿಟ್ಟಿನಲ್ಲಿ ಗುದ್ದಲಿಯಿಂದ ತಂದೆಯನ್ನು ಕೊಂದು ದ್ವೀಪಕ್ಕೆ ಓಡಿಬಂದವನನ್ನು ಜನ ಬಿಲದಲ್ಲಿ ಬಚ್ಚಿಟ್ಟು, ಪೊಲೀಸರ ಬಹುಮಾನಕ್ಕೂ ಬಾಯಿ ಬಿಡದೆ ಅಮೆರಿಕಕ್ಕೆ ಸಾಗಿಸಿದರೆಂಬುದು ಆರನ್‌ನಲ್ಲಿ ಕೇಳಿದ ಸುದ್ದಿ. ಸಿಂಗ್ ಮಾಡಿದ ತುಂಟತನವೆಂದರೆ ಸತ್ತ ತಂದೆಯನ್ನು ತಲೆಗೆ ಬಟ್ಟೆ ಸುತ್ತಿ ಎಬ್ಬಿಸಿ ಕರೆತಂದದ್ದು. ದೂರದ ಕೊಲೆಯನ್ನು ಕಥೆಯಾಗಿ ಮೆಚ್ಚಿದ ಊರು, ಅದೇ ಕೆಲಸ ತನ್ನ ಹಿತ್ತಲಲ್ಲಿ ನಡೆದಾಗ ಹಗ್ಗ ಹಿಡಿದು ನಿಲ್ಲುತ್ತದೆ. 1907ರ ಜನವರಿ 26ರಂದು ಡಬ್ಲಿನ್ನಿನ ಆಬಿ ಥಿಯೇಟರ್‌ನಲ್ಲಿ ಶುರುವಾದ ಗದ್ದಲಕ್ಕೆ ಪೊಲೀಸರು ಬರಬೇಕಾಯಿತು. 1912ರಲ್ಲಿ ಫಿಲಡೆಲ್ಫಿಯಾದಲ್ಲಿ ನಟರನ್ನೇ ಬಂಧಿಸಿದರು. ಅಷ್ಟರಲ್ಲಿ ಸಿಂಗ್ ಇರಲಿಲ್ಲ. 1909ರ ಮಾರ್ಚ್ 24ರಂದು, ಮೂವತ್ತೆಂಟು ತುಂಬುವ ಮೊದಲೇ, ಹಾಜ್ಕಿನ್ಸ್ ಕಾಯಿಲೆಯಿಂದ ತೀರಿಕೊಂಡಿದ್ದರು.

ಸಿಂಗ್ ನಾಟಕಗಳನ್ನು ಆಡಿದ ಡಬ್ಲಿನ್ನಿನ ರಂಗಚಳವಳಿಯ ಒಂದು ಎಳೆ ಮೈಸೂರಿಗೂ ಬಂದಿದೆ ಎಂಬುದು ಹಲವರಿಗೆ ಹೊಳೆಯುವುದಿಲ್ಲ. 'ರೈಡರ್ಸ್'ಗಿಂತ ಎರಡು ವರ್ಷ ಮೊದಲು, 1902ರಲ್ಲಿ, ಆ ನಾಟಕ ಆಡಿದ ಬಳಗವೇ 'ದ ರೇಸಿಂಗ್ ಲಗ್' ಎಂಬ ಪುಟ್ಟ ನಾಟಕ ಆಡಿತ್ತು. ಉತ್ತರದ ಕರಾವಳಿಯ ಮೀನುಗಾರ ಕುಟುಂಬ, ಕಡಲು, ಸಾವು. ಸಿಂಗ್ ನಾಟಕದ ಮುನ್ನುಡಿಯಂತೆ ಅದನ್ನು ಕಾಣುವ ವಿಮರ್ಶಕರುಂಟು. ಬರೆದವರು ಬೆಲ್‌ಫಾಸ್ಟಿನ ಜೇಮ್ಸ್ ಕಸಿನ್ಸ್. ಇದೇ ಕಸಿನ್ಸ್ 1915ರಲ್ಲಿ ಭಾರತಕ್ಕೆ ಬಂದರು. 1924ರಲ್ಲಿ ಮೈಸೂರಿನಲ್ಲಿ ಇಂಗ್ಲಿಷ್ ಕವಿತೆಗಳನ್ನು ಹಿಡಿದು ಬಂದ ವಿದ್ಯಾರ್ಥಿ ಕೆ. ವಿ. ಪುಟ್ಟಪ್ಪನವರಿಗೆ (ಮುಂದೆ ಕುವೆಂಪು) ನಿಮ್ಮ ಭಾಷೆಯಲ್ಲಿ ಬರೆಯಿರಿ ಎಂದವರೂ ಅವರೇ. ಕುವೆಂಪು ಕಥೆಯಲ್ಲಿ ಕಸಿನ್ಸ್ ಸಾಮಾನ್ಯವಾಗಿ 'ಒಬ್ಬ ಐರಿಷ್ ಕವಿ' ಎಂದಷ್ಟೇ ಬಂದು ಹೋಗುತ್ತಾರೆ. ಆ ಮಾತಿನ ಹಿಂದೆ ಡಬ್ಲಿನ್ನಿನ ಬಾಡಿಗೆ ಸಭಾಂಗಣಗಳಲ್ಲಿ ನಡೆದ ತಾಲೀಮುಗಳಿದ್ದವು.

'ರೈಡರ್ಸ್' ತಾಲೀಮುಗಳಂತೂ ಮಡಿವಂತಿಕೆಯಿಂದ ನಡೆದವು. ಪಂಪೂಟಿಗಳು ಆರನ್‌ನವೇ ಆಗಬೇಕು, ಲಂಗದ ಬಟ್ಟೆ ಅಲ್ಲಿನ ಉಣ್ಣೆಯದೇ ಆಗಬೇಕು ಎಂದು ಸಿಂಗ್ ಪಟ್ಟು ಹಿಡಿದರು. ಸತ್ತವರ ಮುಂದೆ ಹಾಡಿಕೊಂಡು ಅಳುವ ಕ್ರಮವನ್ನು ಕಲಿಯಲು ನಟಿಯರು ಆ ಕಡೆಯ ಹೆಂಗಸೊಬ್ಬಳ ಬಳಿ ಹೋದರು.

ರಂಗದಿಂದ ದ್ವೀಪಕ್ಕೆ ವಾಪಸು ಹೋದ ಸರಕೂ ಇದೆ. ಆರನ್ ಸ್ವೆಟರ್ ಕೊಳ್ಳುವ ಪ್ರವಾಸಿಗಳಿಗೆ ಅಂಗಡಿಯವರು ಹೇಳುವ ಕಥೆ: ಒಂದೊಂದು ಮನೆತನಕ್ಕೂ ಒಂದೊಂದು ಹೆಣಿಗೆ, ಮುಳುಗಿದವನ ಗುರುತು ಹಿಡಿಯಲು ಹಿರಿಯರು ಮಾಡಿಟ್ಟ ಏರ್ಪಾಡು. ವಸ್ತ್ರಗಳ ಇತಿಹಾಸಕಾರರು ಇದನ್ನು ಒಪ್ಪುವುದಿಲ್ಲ. ಈ ಬಗೆಯ ಸ್ವೆಟರ್ 20ನೇ ಶತಮಾನದ ಆರಂಭದಲ್ಲಿ ರೂಪುಗೊಂಡದ್ದು, ಮನೆತನದ ಹೆಣಿಗೆಗೆ ಆಧಾರವಿಲ್ಲ. ಕಥೆಯ ಬೇರು ಸಿಂಗ್ ನಾಟಕದ ಆ ಕಾಲುಚೀಲದಲ್ಲೇ ಇದೆ ಎಂದು ಅವರ ತರ್ಕ. ವ್ಯತ್ಯಾಸ ಗಮನಿಸಬೇಕು: ನಾಟಕದಲ್ಲಿ ಗುರುತು ಸಿಕ್ಕಿದ್ದು ಮನೆತನದ ಲಾಂಛನದಿಂದಲ್ಲ, ಒಬ್ಬ ಹುಡುಗಿಯ ಕೈ ತಪ್ಪಿನಿಂದ.

ನಾಟಕ ಬೇರೆ ಕಡಲುಗಳಿಗೂ ಹೋಯಿತು. 1937ರಲ್ಲಿ ಬ್ರೆಕ್ಟ್ ಅದನ್ನು ಸ್ಪೇನಿನ ಅಂತರ್ಯುದ್ಧಕ್ಕೆ ಒಯ್ದು 'ಸೆನ್ಯೋರಾ ಕರಾರಳ ಬಂದೂಕುಗಳು' ಬರೆದರು. ಅಲ್ಲಿ ಮಗನ ಹೆಣ ಕಂಡ ತಾಯಿ ಸುಮ್ಮನಾಗುವುದಿಲ್ಲ, ಬಚ್ಚಿಟ್ಟ ಬಂದೂಕು ತೆಗೆಯುತ್ತಾಳೆ. ಅದೇ ವರ್ಷ ಈ ನಾಟಕವನ್ನೇ ಹಿಡಿದು ಸಂಗೀತಕಾರ ವಾನ್ ವಿಲಿಯಮ್ಸ್ ಕಟ್ಟಿದ ಆಪೆರಾ ರಂಗಕ್ಕೆ ಬಂತು. ಡೆರೆಕ್ ವಾಲ್ಕಾಟ್ ಸೇಂಟ್ ಲೂಸಿಯಾದ ಮೀನುಗಾರರನ್ನಿಟ್ಟು 'ದ ಸೀ ಅಟ್ ಡೋಫಿನ್' ಬರೆದರು. ಮೂರರಲ್ಲಿ ವಾಲ್ಕಾಟ್ ಅವರದೇ ಸಿಂಗ್‌ಗೆ ಹತ್ತಿರ. ಬಡತನದ ಸಾಮಾನುಗಳನ್ನು ಅವರು ಕಣ್ಣಾರೆ ಕಂಡವರು.

ದ್ವೀಪವನ್ನು ಮತ್ತೆ ನಾಟಕಕ್ಕೆ ತಂದವರು ಮಾರ್ಟಿನ್ ಮೆಕ್‌ಡೊನಾ, ಐರಿಷ್ ದಂಪತಿಯ ಮಗ, ಲಂಡನ್ನಿನಲ್ಲಿ ಬೆಳೆದವರು. 'ದ ಕ್ರಿಪಲ್ ಆಫ್ ಇನಿಶ್‌ಮಾನ್' 1934ರ ಸುಮಾರಿನ ಕಥೆ, ರಾಬರ್ಟ್ ಫ್ಲಾಹರ್ಟಿ 'ಮ್ಯಾನ್ ಆಫ್ ಆರನ್' ಚಿತ್ರ ತೆಗೆದ ಕಾಲ. ದ್ವೀಪದವರ ನಿಜ ಬದುಕೆಂದು ಜಗತ್ತು ಮೆಚ್ಚಿದ ಆ ಚಿತ್ರದಲ್ಲಿ ಗಂಡ, ಹೆಂಡತಿ, ಮಗ ಒಂದೇ ಮನೆಯವರಲ್ಲ. ದೊಡ್ಡ ಶಾರ್ಕ್ ಬೇಟೆ ನಿಂತು ಹಲವು ದಶಕಗಳಾಗಿದ್ದರಿಂದ ಜನಕ್ಕೆ ಅದನ್ನು ಹೊಸದಾಗಿ ಕಲಿಸಬೇಕಾಯಿತು. ಮೆಕ್‌ಡೊನಾ ಪಾತ್ರಗಳು ಆ ಚಿತ್ರವನ್ನು ನೋಡುತ್ತ ಗೇಲಿ ಮಾಡುತ್ತವೆ. ಮೆಕ್‌ಡೊನಾ ಐರಿಷ್ ಹಳ್ಳಿಗರನ್ನು ಕೋಡಂಗಿ ಮಾಡಿದರೆಂಬ ದೂರು ಐರ್ಲೆಂಡಿನಲ್ಲಿ ಇಂದಿಗೂ ಇದೆ, ಅದು ಪೂರ್ತಿ ಸುಳ್ಳಲ್ಲ.

ಆದರೂ ಒಂದು ವಿಷಯದಲ್ಲಿ ಅವರು ಸಿಂಗ್ ಅವರ ಒಳ್ಳೆಯ ಶಿಷ್ಯ. 'ಕ್ರಿಪಲ್' ನಡೆಯುವುದು ಹಳ್ಳಿಯ ಅಂಗಡಿಯಲ್ಲಿ. ಕಪಾಟಿನ ತುಂಬ ಬಟಾಣಿ ಡಬ್ಬಿಗಳು. ಕೈಯಲ್ಲಿ ಹೆಣೆದ ಕಾಲುಚೀಲದ ದ್ವೀಪ ಹೋಗಿ ಡಬ್ಬಿಯ ದ್ವೀಪ ಬಂದಿದೆ. ಡಿರೇನ್‌ನಂಥ ಕಥೆಗಾರನ ಜಾಗದಲ್ಲಿ ಜಾನಿಪಟೀನ್‌ಮೈಕ್ ಎಂಬ ಮುದುಕನಿದ್ದಾನೆ. ಯಾರ ಕುರಿಗೆ ಕಿವಿಯಿಲ್ಲ, ಯಾರ ಹೆಬ್ಬಾತು ಯಾರ ಬೆಕ್ಕಿನ ಬಾಲ ಕಚ್ಚಿತು ಎಂಬ ಸುದ್ದಿಯನ್ನು ಮನೆಮನೆಗೆ ಒಯ್ದು ಹೇಳುತ್ತಾನೆ, ಬದಲಿಗೆ ಮೊಟ್ಟೆಯೋ ತಿನ್ನುವ ಇನ್ನೇನೋ ಕೊಡದಿದ್ದರೆ ಬಾಯಿ ಬಿಡುವುದಿಲ್ಲ.