ಬಡಿದ ಸದ್ದು ಯಾರಿಗೆ ಕೇಳಿತು?

ನಮ್ಮ ಸೀಮೆಗೆ ಇಸ್ರೇಲ್ ಬಂದದ್ದು ಡ್ರಿಪ್ ಪೈಪಿನ ಜೊತೆಗೆ. ಚಿಕ್ಕಬಳ್ಳಾಪುರದ ದ್ರಾಕ್ಷಿ ತೋಟದವರಿಗೆಲ್ಲ ಆ ಹೆಸರು ಗೊತ್ತು. 2018ರ ರಾಜ್ಯ ಬಜೆಟ್ಟಿನಲ್ಲಿ 'ಇಸ್ರೇಲ್ ಮಾದರಿ ಕೃಷಿ' ಅಂತ ಘೋಷಣೆಯಾದಾಗ ಪಕ್ಕದ ಕೋಲಾರವೂ ಪಟ್ಟಿಯಲ್ಲಿತ್ತು. ಮರುಭೂಮಿಯಲ್ಲಿ ಬೆಳೆ ತೆಗೆದ ಜನ ಅಂತ ಮೇಷ್ಟರು ಮಕ್ಕಳಿಗೆ ಹೇಳ್ತಾರೆ. ಹೇಳಲಿ, ತಪ್ಪಲ್ಲ. ಹನಿ ನೀರಿನ ಬೆಲೆ ನಮಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಆದರೆ ಆ ನೆಲದಲ್ಲಿ ಮೊದಲು ಯಾರಿದ್ದರು, ಅವರೆಲ್ಲ ಎಲ್ಲಿಗೆ ಹೋದರು ಅನ್ನೋ ಪ್ರಶ್ನೆ ಆ ಪೈಪಿನಲ್ಲಿ ಹರಿದು ಬರಲಿಲ್ಲ. ಅದು ನಮಗೆ ಬಂದದ್ದು ಒಂದು ಸಣ್ಣ ಕಾದಂಬರಿಯಿಂದ.

ಘಸ್ಸಾನ್ ಕನಫಾನಿ ಅರಬ್ಬಿಯಲ್ಲಿ ಬರೆದ 'ಮೆನ್ ಇನ್ ದ ಸನ್' ಪ್ರಕಟವಾದದ್ದು 1963ರಲ್ಲಿ. ನಾವು ಓದಿದ್ದು ಇಂಗ್ಲಿಷಿನಲ್ಲಿ, ಡಿಕ್ಷನರಿ ಪಕ್ಕದಲ್ಲಿಟ್ಟುಕೊಂಡು. ಕನಫಾನಿ ಹುಟ್ಟಿದ್ದು 1936ರಲ್ಲಿ, ಅಕ್ಕಾ ಎಂಬ ಕಡಲ ಪಟ್ಟಣದಲ್ಲಿ. 1947ರ ನವೆಂಬರಿನಲ್ಲಿ ವಿಶ್ವಸಂಸ್ಥೆ ಪ್ಯಾಲೆಸ್ತೀನನ್ನು ಇಬ್ಭಾಗ ಮಾಡುವ ಯೋಜನೆಗೆ ಒಪ್ಪಿತು. 1948ರಲ್ಲಿ ಇಸ್ರೇಲ್ ಹುಟ್ಟಿತು. ಆ ಯುದ್ಧದಲ್ಲಿ 7 ಲಕ್ಷಕ್ಕೂ ಹೆಚ್ಚು ಪ್ಯಾಲೆಸ್ತೀನಿಯರು ನೆಲೆ ಕಳೆದುಕೊಂಡರು, 400ಕ್ಕೂ ಹೆಚ್ಚು ಹಳ್ಳಿಗಳು ಬರಿದಾದವು. ಅದನ್ನವರು 'ನಕ್ಬಾ' ಅಂತಾರೆ, ಮಹಾವಿಪತ್ತು ಅಂತ ಅರ್ಥ. ಹನ್ನೆರಡರ ಹುಡುಗ ಕನಫಾನಿಯ ಮನೆಯವರೂ ಗಂಟುಮೂಟೆ ಕಟ್ಟಿದರು. ಮುಂದೆ ಡಮಾಸ್ಕಸ್ಸಿನಲ್ಲಿ ನಿರಾಶ್ರಿತರ ಮಕ್ಕಳಿಗೆ ಮೇಷ್ಟರಾದರು, ಆಮೇಲೆ ಪತ್ರಕರ್ತ, ಬಂದೂಕು ಹಿಡಿದ ಸಂಘಟನೆಯೊಂದರ ವಕ್ತಾರ. 1972ರ ಜುಲೈ 8ರಂದು ಬೈರೂತಿನಲ್ಲಿ ಕಾರಿಗಿಟ್ಟ ಬಾಂಬು ಅವರನ್ನೂ, ಜೊತೆಗಿದ್ದ ಸೋದರಿಯ ಮಗಳನ್ನೂ ಕೊಂದಿತು.

ಕತೆ ಸರಳ. ಅಬು ಕೈಸ್, ಅಸದ್, ಮರ್ವಾನ್ ಎಂಬ ಮೂವರು ನಿರಾಶ್ರಿತರು ಕೂಲಿ ಹುಡುಕಿ ಕುವೈತಿಗೆ ಹೊರಟಿದ್ದಾರೆ. ಕಾಗದಪತ್ರವಿಲ್ಲ. ಬಸ್ರಾದಲ್ಲಿ ಅವರದೇ ಜನದ ಡ್ರೈವರೊಬ್ಬ ಸಿಗ್ತಾನೆ. ಅವನದು ನೀರಿನ ಟ್ಯಾಂಕರು. ಗಡಿ ಬಂದಾಗ ಖಾಲಿ ಟ್ಯಾಂಕಿನೊಳಗೆ ಇಳೀರಿ, ದಾಟಿದ ಮೇಲೆ ಹೊರಗೆ ಬನ್ನಿ ಅಂತಾನೆ. ಆಗಸ್ಟ್ ತಿಂಗಳ ಬಿಸಿಲು. ಬೇಸಿಗೆಯಲ್ಲಿ ಟ್ಯಾಂಕರಿಗೆ ಕೊಡ ಸಾಲಿಟ್ಟು ಕಾದ ಚಿಂತಾಮಣಿಯವರಿಗೆ ಆ ತಗಡು ಹೇಗೆ ಕಾಯುತ್ತೆ ಅಂತ ಹೇಳಿಕೊಡಬೇಕಾಗಿಲ್ಲ.

ಅಬು ಕೈಸ್ ರೈತ. ಆಲಿವ್ ಮರಗಳನ್ನು ಊರಲ್ಲೇ ಬಿಟ್ಟು ಬಂದವನು. ಹಿಂದೆ ಊರಿನ ಶಾಲೆಯ ಕಿಟಕಿಯ ಹೊರಗೆ ನಿಂತು, ಒಳಗೆ ಸಲೀಂ ಮೇಷ್ಟರು ತನ್ನ ಮಗನ ತರಗತಿಗೆ ಎರಡು ದೊಡ್ಡ ನದಿಗಳು ಕೂಡುವ ಪಾಠ ಹೇಳುವುದನ್ನು ಕೇಳಿಸಿಕೊಂಡಿದ್ದ. ಈಗ ಅದೇ ನದಿಯ ದಡದಲ್ಲಿ ಗತಿಗೆಟ್ಟು ಕೂತಾಗ ಆ ಪಾಠ ನೆನಪಾಗುತ್ತೆ. ಇಲ್ಲಿ ನಾವು ಪುಸ್ತಕ ಮುಚ್ಚಿಟ್ಟೆವು. ಕಿಟಕಿಯ ಹೊರಗೆ ನಿಂತು ಕಲಿತ ಅಪ್ಪಂದಿರ ಮಕ್ಕಳು ನಾವು. ಗೌರಿಬಿದನೂರಿನಲ್ಲಿ ಬೆಳಗಿನ ರೈಲು ಹತ್ತಿ ಬೆಂಗಳೂರಿನ ಕೂಲಿಗೆ ಹೋಗುವವರಲ್ಲಿ ಆ ಮುಖವನ್ನು ನಾವು ಕಂಡಿದ್ದೇವೆ.

ಮೊದಲ ಗಡಿ ದಾಟ್ತಾರೆ. ಎರಡನೆಯದರಲ್ಲಿ ಕಚೇರಿಯವರು ಡ್ರೈವರನ್ನು ಹಿಡಿದು ನಿಲ್ಲಿಸಿ, ಬಸ್ರಾದ ಕುಣಿಯುವವಳ ವಿಷಯ ತೆಗೆದು ಪೋಲಿ ತಮಾಷೆ ಮಾಡ್ತಾರೆ. ಆ ತಮಾಷೆ ಮುಗಿಯುವಷ್ಟರಲ್ಲಿ ಮೂವರೂ ಬೆಂದು ಸತ್ತಿದ್ದಾರೆ. ಗಮನಿಸಿ: ಟ್ಯಾಂಕರು ಹತ್ತಿದ ಮೇಲೆ ಒಬ್ಬ ಇಸ್ರೇಲಿ ಸೈನಿಕನೂ ಎದುರಾಗುವುದಿಲ್ಲ. ಕೊಂದದ್ದು 'ನಮ್ಮವರೇ' ಎನಿಸಿಕೊಂಡವರ ಕಚೇರಿ. ಡ್ರೈವರು ಹೆಣಗಳನ್ನು ಊರಾಚೆಯ ಕಸದ ರಾಶಿಯ ಬಳಿ ಎಸೆದು, ಜೇಬಿನ ದುಡ್ಡು ಬಳಿದುಕೊಂಡು, ಆಮೇಲೆ ಗೋಳಾಡ್ತಾನೆ: ಯಾಕೆ ನೀವು ಟ್ಯಾಂಕು ಬಡಿಯಲಿಲ್ಲ?

ವಿಮರ್ಶಕರು ಈ ಪ್ರಶ್ನೆಯನ್ನು ಕೊಂಡಾಡಿದ್ದಾರೆ. ಸುಮ್ಮನೆ ಸಾಯುವ ಜನಕ್ಕೆ ಕೊಟ್ಟ ಚಾಟಿಯೇಟು ಅಂತ. ನಾವೂ ಹಾಗೇ ಓದಿದ್ದೆವು. ಶಿಡ್ಲಘಟ್ಟದ ಬಿಚ್ಚಾಣಿಕೆ ಶೆಡ್ಡಿನಲ್ಲಿ ಕೆಲಸ ಮುಗಿಸಿ ಬಂದ ಗೆಳೆಯರಿಗೆ ಕತೆ ಹೇಳಿದೆವು. ಬಿಸಿನೀರಲ್ಲಿ ಬೆಂದ ಬೆರಳಿನ ಒಬ್ಬ ಹುಡುಗ ಹೇಳಿದ: "ಅಣ್ಣಾ, ಬಡಿದಿದ್ರೆ ಹಿಡ್ಕೊಂಡು ವಾಪಸ್ ಅಟ್ತಿದ್ರು. ಬಡೀಲಿಲ್ಲ, ಸತ್ರು. ಟ್ಯಾಂಕಲ್ಲಿ ಕೂರಿಸಿದೋನು ಕೇಳೋ ಪ್ರಶ್ನೆನಾ ಇದು?"

ಆ ಮಾತಿಗೆ ನಮ್ಮ ಓದು ಬಿದ್ದುಹೋಯಿತು. ಪ್ರಶ್ನೆ ಯಾರ ಬಾಯಲ್ಲಿದೆ ಅಂತ ನಾವು ನೋಡಿರಲಿಲ್ಲ. ಹೆಣದ ಜೇಬಿಗೆ ಕೈಹಾಕಿದವನ ಬಾಯಲ್ಲಿದೆ! ಅದನ್ನು ಅಲ್ಲಿಟ್ಟವರು ಕನಫಾನಿ, ಕಣ್ಣು ತಪ್ಪಿದ್ದು ನಮ್ಮದು. 1972ರಲ್ಲಿ ತೌಫೀಕ್ ಸಾಲೆಹ್ ಈ ಕತೆಯನ್ನು 'ದ ಡ್ಯೂಪ್ಸ್' ಎಂಬ ಸಿನಿಮಾ ಮಾಡಿದಾಗ ಕೊನೆಯನ್ನೇ ಬದಲಿಸಿದರು. ಅದರಲ್ಲಿ ಮೂವರೂ ಬಡೀತಾರೆ. ಕಚೇರಿಯ ಏರ್‌ಕಂಡಿಷನರಿನ ಗದ್ದಲದಲ್ಲಿ ಯಾರಿಗೂ ಕೇಳಿಸೋದಿಲ್ಲ.

ಈಗ ನಮ್ಮ ಊರಿಗೆ ಬರೋಣ. 2000ದ ಮಾರ್ಚ್ 11, ಚಿಂತಾಮಣಿ ತಾಲ್ಲೂಕಿನ ಕಂಬಾಲಪಲ್ಲಿ. ಮನೆಗೆ ಹೊರಗಿನಿಂದ ಬಾಗಿಲು ಜಡಿದು ಬೆಂಕಿ ಇಟ್ಟರು. ಏಳು ಮಂದಿ ದಲಿತರು ಸುಟ್ಟುಹೋದರು. ಕೋರ್ಟಿನಲ್ಲಿ ಸಾಕ್ಷಿಗಳು ತಿರುಗಿಬಿದ್ದರು. 2006ರಲ್ಲಿ ಆರೋಪಿಗಳೆಲ್ಲ ಖುಲಾಸೆ. 2014ರಲ್ಲಿ ಹೈಕೋರ್ಟೂ ಅದನ್ನೇ ಎತ್ತಿಹಿಡಿಯಿತು. ಕಾಗದದ ಪ್ರಕಾರ ಆ ಏಳು ಜನರನ್ನು ಯಾರೂ ಕೊಂದಿಲ್ಲ. 'ನಿಮ್ಮೋರೇ ಸಾಕ್ಷಿ ಹೇಳಲಿಲ್ಲವಲ್ಲ' ಅಂತ ಓದಿದವರೇ ನಮ್ಮನ್ನು ಕೇಳ್ತಾರೆ. ಇದು ಆ ಡ್ರೈವರಿನ ಪ್ರಶ್ನೆ. ಕೂಲಿಗೆ, ನೀರಿಗೆ, ದಾರಿಗೆ ಯಾರ ಮುಂದೆ ಕೈಚಾಚಬೇಕೋ ಅವರ ವಿರುದ್ಧವೇ ಸಾಕ್ಷಿ ಹೇಳಿ ಅದೇ ಊರಲ್ಲಿ ಬದುಕಬೇಕಾದವನು ಎಲ್ಲಿದ್ದಾನೆ? ಟ್ಯಾಂಕಿನೊಳಗೇ ಇದ್ದಾನೆ.

ಹಾಗಂತ ಕಂಬಾಲಪಲ್ಲಿಯೇ ಪ್ಯಾಲೆಸ್ತೀನ್ ಅಂತ ನಾವು ಹೇಳುತ್ತಿಲ್ಲ. ಅಲ್ಲಿ ಎರಡು ಜನಸಮುದಾಯಗಳು ಒಂದೇ ನೆಲದ ಮೇಲೆ ಹಕ್ಕು ಹೇಳುತ್ತಿವೆ. ಇಲ್ಲಿರುವುದು ಒಂದೇ ಊರಿನ ಕೇರಿ. ಯೆಹೂದಿಗಳ ನೋವೂ ಕಟ್ಟುಕತೆಯಲ್ಲ. ನಾಜಿಗಳು ಕೊಂದ 60 ಲಕ್ಷ ಜನರಲ್ಲಿ ಎಷ್ಟೋ ಮಂದಿ ಸತ್ತದ್ದು ಹೊರಗಿನಿಂದ ಬಾಗಿಲು ಜಡಿದ ಕೋಣೆಗಳಲ್ಲೇ. 2023ರ ಅಕ್ಟೋಬರ್ 7ರಂದು ಹಮಾಸ್ ದಾಳಿಯಲ್ಲಿ ಸುಮಾರು 1,200 ಮಂದಿ ಸತ್ತರು, ಸುಮಾರು 250 ಮಂದಿ ಒತ್ತೆಯಾಳುಗಳಾದರು. ಆಮೇಲೆ ಇಸ್ರೇಲಿನ ದಾಳಿಗೆ ಗಾಜಾದಲ್ಲಿ ಸತ್ತವರು 60,000ಕ್ಕೂ ಹೆಚ್ಚು ಎಂದು ಅಲ್ಲಿನ ಆರೋಗ್ಯ ಇಲಾಖೆಯ ಲೆಕ್ಕ. ಒಂದು ಮನೆಯ ಹೆಣ ಎಣಿಸಿ ಇನ್ನೊಂದರದ್ದು ಬಿಡುವವನು ಕವಿಯಲ್ಲ. ಆದರೆ 1967ರಿಂದ ಸೈನ್ಯದ ಹಿಡಿತದಲ್ಲಿ ಬದುಕುತ್ತಿರುವವರ ಸಾವನ್ನು ಬರೀ ಅಂಕಿ ಮಾಡಿಟ್ಟವನೂ ಕವಿಯಲ್ಲ.

ಇನ್ನು ನಮ್ಮ ಪದ್ಯಗಳ ಮಾತು. ಗಾಜಾ ಕುರಿತು ಬರೆಯದ ತರುಣ ಕವಿ ಈಗ ಅಪರೂಪ. ನಾವೂ ಒಂದು ಬರೆದೆವು. ಅದರಲ್ಲಿ ಆಲಿವ್ ಮರ ಮೂರು ಸಲ ಬಂತು, ಪಾರಿವಾಳ ಎರಡು ಸಲ. ಆಲಿವ್ ಮರವನ್ನು ನಾವು ಕಂಡೇ ಇಲ್ಲ! ಒಂದು ಊರಿನ ಹೆಸರಿಲ್ಲ, ಒಂದು ಇಸವಿಯಿಲ್ಲ. ಚಪ್ಪಾಳೆ ಮಾತ್ರ ಸಿಕ್ಕಿತು. ದೂರದ ಬೆಂಕಿಗೆ ಅತ್ತು ಹತ್ತಿರದ ಬೂದಿ ಮರೆಯುವುದು ಸುಲಭ. ಹತ್ತಿರದ್ದು ಸಾಕು, ದೂರದ್ದು ನಮಗ್ಯಾಕೆ ಅನ್ನುವುದೂ ಅಷ್ಟೇ ಸುಲಭ. ಎರಡೂ ಏರ್‌ಕಂಡಿಷನರಿನ ಸದ್ದೇ.

ಗೆಳೆಯರೇ, ಆ ಪದ್ಯವನ್ನು ನಾವು ಹರಿದು ಹಾಕಿದ್ದೇವೆ. ಮುಂದಿನದನ್ನು ಬರೆಯುವ ಮುಂಚೆ ಚಿಂತಾಮಣಿಯಲ್ಲಿ ಸೇರಿ ಕಂಬಾಲಪಲ್ಲಿಗೆ ಹೋಗಿಬರೋಣ. ಕನಫಾನಿಯ ಪುಸ್ತಕ ಚೀಲದಲ್ಲಿರಲಿ. ಯಾಕೆ ಬಡಿಯಲಿಲ್ಲ ಅಂತ ಅಲ್ಲಿ ಯಾರನ್ನೂ ಕೇಳುವುದು ಬೇಡ, ಸುಮ್ಮನೆ ಕೂತು ಕೇಳಿಸಿಕೊಳ್ಳೋಣ.